ಎರಡನೇ ಬೀರಪ್ಪ

ಚಿತ್ರದುರ್ಗದ ಭಾವಘನ ಕೇಂದ್ರದಲ್ಲಿ ಮನಸ್ಸಿನಲ್ಲಿರುವುದನ್ನು ಕೈಗೆ ಸಿಗುವಂತೆ ಮಾಡಿಕೊಡುತ್ತಾರೆ. ತಲೆಗೆ ಪಟ್ಟಿ ಕಟ್ಟಿ ಗಾಜಿನ ಕೋಣೆಯ ಮುಂದೆ ಕೂರಿಸುತ್ತಾರೆ. ಒಂದೇ ವಸ್ತುವನ್ನು ಬಿಡದೆ ನೆನೆದರೆ ಕೋಣೆಯೊಳಗಿನ ಮಂಜು ಗಟ್ಟಿಯಾಗಿ ಆ ವಸ್ತುವೇ ಆಗುತ್ತದೆ. ನೆನೆಯುವವರಿಗೆ ಎಷ್ಟು ಗೊತ್ತೋ ಅಷ್ಟೇ ಬರುತ್ತದೆ, ಅದಕ್ಕಿಂತ ಎಳ್ಳಷ್ಟೂ ಹೆಚ್ಚಿಲ್ಲ. ಹೊಳಲ್ಕೆರೆಯ ಮೇಷ್ಟ್ರೊಬ್ಬರು ಮಾವಿನಹಣ್ಣು ನೆನೆಯುವಾಗ ಓಟೆಯನ್ನೇ ಮರೆತು, ಓಟೆಯಿಲ್ಲದ ಹಣ್ಣು ಹಿಡಿದುಕೊಂಡು ಮನೆಗೆ ಹೋದರು. ಆ ಯೋಚನೆ ಮನಸ್ಸಿನಿಂದ ಹೋದೊಡನೆ ವಸ್ತುವೂ ಮತ್ತೆ ಮಂಜಾಗುತ್ತದೆ. ಹೆಚ್ಚಿನವು ಸಂಜೆಯವರೆಗೂ ಬಾಳುವುದಿಲ್ಲ. ಜನರ ಆಸೆಯ ಆಯುಸ್ಸೇ ಅಷ್ಟು.

ಹಿರೇಗುಂಟನೂರಿನ ಯಶೋದಾ ಅಲ್ಲಿ ನೆಲ ಒರೆಸುವ ಕೆಲಸಕ್ಕೆ ಸೇರಿದ್ದೇ ಬೀರಪ್ಪನ ಮೇಲಿನ ಹಗೆಗೆ.

ಆರು ವರ್ಷದ ಹಿಂದೆ ಅವಳ ಅವ್ವ ಹುಚ್ಚಕ್ಕನ ಮೂವತ್ತೇಳು ಕುರಿ ಒಂದೇ ಬೆಳಿಗ್ಗೆ ಹೊಟ್ಟೆ ಉಬ್ಬಿ ಸತ್ತವು. ಬೀರಪ್ಪ ಊರಿನ ಕುರಿ ಡಾಕ್ಟರು. ಓದಿದವನೇನಲ್ಲ, ಸೂಜಿ ಚುಚ್ಚಲು ಕಲಿತಿದ್ದ ಅಷ್ಟೆ. ಒಂದು ಕುರಿಯ ಹೊಟ್ಟೆ ಸೀಳಿ ನೋಡಿ, "ಹುಚ್ಚಕ್ಕ ಎಳೇ ಜೋಳ ಮೇಯಿಸ್ಯಾಳೆ" ಅಂದುಬಿಟ್ಟ. ಎಳೇ ಜೋಳ ಕುರಿಗೆ ವಿಷ; ಕುರಿ ಕಾಯುವವಳಿಗೆ ಇದಕ್ಕಿಂತ ದೊಡ್ಡ ಬೈಗುಳವಿಲ್ಲ. ಮರುವಾರವೇ ಅವರು ಮೇಯಿಸುತ್ತಿದ್ದ ಕೆರೆ ಅಂಗಳ ಬೀರಪ್ಪನ ಮಂದೆಯ ಪಾಲಾಯಿತು. ಹಿಂದಿನ ಸಂಜೆ ಅವನು ತಮ್ಮ ಕುರಿ ಕೂಡುವ ರೊಪ್ಪದಲ್ಲಿ, ನೀರಿನ ತೊಟ್ಟಿಯ ಬಳಿ ಸುಳಿದಾಡಿದ್ದನ್ನು ಯಶೋದಾ ಕಣ್ಣಾರೆ ಕಂಡಿದ್ದಳು. ಹೇಳಿದರೆ ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಹೊಟ್ಟೆ ಉರಿಸಿದ್ದು ಅದೂ ಅಲ್ಲ. ಅವ್ವನೇ ಆ ಮಾತನ್ನು ನಂಬತೊಡಗಿದಳು. "ನಾನೇ ಎಲ್ಲೋ ಮೈಮರೆತೆ ಕಣವ್ವ" ಎಂದು ಮುದ್ದೆಯ ಮುಂದೆ ಕೂತು ಅಳುವಳು. ಬೀರಪ್ಪನ ಬಾಯಿಂದಲೇ ನಿಜ ಹೊರಡಬೇಕು, ಅವ್ವ ಅದನ್ನು ಕೇಳಬೇಕು. ಯಶೋದಾಳಿಗೆ ಬೇಕಿದ್ದದ್ದು ಇಷ್ಟೇ.

ಕೇಂದ್ರದ ಮುಖ್ಯಸ್ಥೆ ದಾಕ್ಷಾಯಣಮ್ಮ ಅವಳ ಮಾತು ಕೇಳಿ ನಕ್ಕರು. "ಮನುಷ್ಯರು ಬರಲ್ಲ ಯಶೋದಾ. ಹೆಂಡ್ತಿ ಗಂಡನ್ನ ನೆನೆದ್ರೂ ಅರ್ಧಕ್ಕೇ ನಿಲ್ತೈತೆ. ಯಾರಿಗೆ ಯಾರು ಅಷ್ಟು ಗೊತ್ತಿರ್ತಾರೆ?"

"ನಂಗೊಬ್ಬ ಪೂರ್ತಿ ಗೊತ್ತು ಮೇಡಂ."

"ಅಷ್ಟು ಪ್ರೀತಿನಾ?"

ಯಶೋದಾ ತಲೆಗೆ ಪಟ್ಟಿ ಕಟ್ಟಿಕೊಂಡಳು. ಸವೆದ ಹಿಮ್ಮಡಿಯ ಚಪ್ಪಲಿ ಮೊದಲು ಬಂತು. ಆಮೇಲೆ ಕಂಬಳಿ, ಹಳದಿ ಹಲ್ಲು, ಮಾತಿಗೆ ಮುಂಚೆ ಗಂಟಲು ಕೆರೆಯುವ ಚಾಳಿ. ಆರು ವರ್ಷ ಉಣ್ಣುವಾಗ, ಮಲಗುವಾಗ ನೆನೆದ ಮುಖ ಅದು. ಮೂಗಿನ ಕೂದಲು ಸಹ ತಪ್ಪಲಿಲ್ಲ. ಮುಕ್ಕಾಲು ಗಂಟೆಯಲ್ಲಿ ಬೀರಪ್ಪ ಗಾಜಿನ ಆಚೆ ನಿಂತಿದ್ದ. ದಾಕ್ಷಾಯಣಮ್ಮ ನಗು ಮರೆತು ಕುರ್ಚಿಯಲ್ಲಿ ಕೂತರು.

ಯಾವ ವಿಷ ಎಂಬುದು ಮಾತ್ರ ಯಶೋದಾಳಿಗೆ ಗೊತ್ತಿರಲಿಲ್ಲ. ಗೊತ್ತಿಲ್ಲದ ಜಾಗಕ್ಕೆ ಅವಳು ಬೇಕೆಂದೇ ಒಂದು ಪೆದ್ದು ತಪ್ಪನ್ನು ತುಂಬಿದಳು. ಔಷಧಿಯ ವಿಷಯದಲ್ಲಿ ಯಾರಾದರೂ ತಪ್ಪು ಹೇಳಿದರೆ ಬೀರಪ್ಪ ಉಣ್ಣುವ ಎಲೆ ಬಿಟ್ಟಾದರೂ ಎದ್ದು ಬಂದು ತಿದ್ದುವವನು.

ಸೋಮವಾರ ಇಬ್ಬರೂ ಬಸ್ಸು ಹತ್ತಿದರು. ಕಂಡಕ್ಟರು ಎರಡು ಟಿಕೆಟ್ ಹರಿದ. ಊರಿನಲ್ಲಿ ಪ್ರತಿ ಸೋಮವಾರದಂತೆ ಕುರಿಯವರೆಲ್ಲ ಗುಡಿಕಟ್ಟೆಯ ಮೇಲೆ ಸೇರಿದ್ದರು. ಹುಚ್ಚಕ್ಕ ದೂರದಲ್ಲಿ, ಆರು ವರ್ಷದಿಂದ ಕೂರುವ ಹಾಗೆ ತಲೆ ತಗ್ಗಿಸಿ ಕೂತಿದ್ದಳು. ಎರಡನೇ ಬೀರಪ್ಪ ಕಟ್ಟೆ ಹತ್ತಿ ಗಂಟಲು ಕೆರೆದ.

"ಹುಚ್ಚಕ್ಕನ ಕುರಿ ಕೊಂದೋನು ನಾನೇ."

ನಿಜವಾದ ಬೀರಪ್ಪ ಒಂದು ಗಳಿಗೆ ಬೆಚ್ಚಿದ, ಆಮೇಲೆ ನಕ್ಕ. "ದುರ್ಗದ ಮೆಷಿನ್ ಬೊಂಬೆ ಕಣ್ರಪ್ಪ. ಈಕಿ ಹೇಳಿಕೊಟ್ಟಿದ್ದು ಒದರ್ತೈತೆ." ಜನ ತಲೆಯಾಡಿಸಿದರು. ಅದು ನಿಜವೇ ತಾನೇ.

"ಹತ್ತಿ ಹುಳಕ್ಕೆ ಹೊಡೆಯೋ ಎಣ್ಣೆ ತೊಟ್ಟಿಗೆ ಸುರಿದೆ," ಎಂದ ಎರಡನೆಯವನು. "ಕುರಿ ಔಷಧಿ ನಂಗೇನು ಗೊತ್ತು? ಕೈಗೆ ಸಿಕ್ಕಿದ್ದು ಸುರಿದೆ."

ಹಿರಿಯ ಮುದ್ದಪ್ಪ ಕಿಸಕ್ಕನೆ ನಕ್ಕ. "ಆ ನಾತಕ್ಕೆ ಕುರಿ ಹತ್ರ ಬರ್ತಾವೇನಲೇ? ನಮ್ಮ ಡಾಕ್ಟ್ರಿಗೆ ಇಷ್ಟೂ ಗೊತ್ತಿಲ್ವೇನಪ್ಪ?"

ಕಟ್ಟೆಗೆ ಕಟ್ಟೆಯೇ ನಕ್ಕಿತು. ಬೀರಪ್ಪನ ಕಿವಿ ಕೆಂಪಾಯಿತು. "ಲೇ ಬೊಂಬೆ, ಎಣ್ಣೆಗೆ ಯಾವ ಕುರಿ ಬಾಯಿ ಇಕ್ತೈತಲೇ! ಬೆಲ್ಲದ ನೀರಿಗೆ ಯೂರಿಯಾ ಕದಡಿ ಇಟ್ಟಿದ್ದು ನಾನು! ನಾತ ಇಲ್ಲ, ಏನಿಲ್ಲ..."

ಅಲ್ಲಿಗೆ ಅವನ ಬಾಯಿ ನಿಂತುಹೋಯಿತು.

ಹುಚ್ಚಕ್ಕ ಎದ್ದಳು. "ಹಂಗಾರೆ ನಾನು ಜೋಳಕ್ಕೆ ಬಿಟ್ಟಿರಲಿಲ್ಲ," ಎಂದು ಒಬ್ಬೊಬ್ಬರ ಮುಖವನ್ನೂ ನೋಡಿ ಹೇಳಿದಳು. ಆಮೇಲೆ ಕಾಲಿನ ಚಪ್ಪಲಿ ತೆಗೆದು ನಿಜವಾದ ಬೀರಪ್ಪನಿಗೆ ಕುರಿಗೊಂದರಂತೆ ಏಟು ಹಾಕಿದಳು. ಯಾರೂ ತಡೆಯಲಿಲ್ಲ. ಯಶೋದಾಳಿಗೆ ಪ್ರತಿ ಏಟೂ ಹಾಲು ಕುಡಿದಷ್ಟು ಹಿತವಾಗಿತ್ತು. ಏಟು ಮುಗಿದಾಗ ಮುದ್ದಪ್ಪ ಬೀರಪ್ಪನ ಕಂಬಳಿ ಹಿಡಿದು ಪೊಲೀಸರಿಗೆ ಒಪ್ಪಿಸಲು ಎಳೆದುಕೊಂಡು ಹೋದ.

ಹುಚ್ಚಕ್ಕ ಚಪ್ಪಲಿ ಮೆಟ್ಟಿಕೊಂಡಳು. ಮುಖ ತೊಳೆದ ಹಾಗಿತ್ತು. "ನನ್ನ ಹೊಟ್ಟೆ ತಣ್ಣಗಾತು ಕಣವ್ವ. ಹೋಗಾಣ ನಡಿ," ಎಂದು ಎರಡನೇ ಬೀರಪ್ಪನ ಪಕ್ಕದಿಂದಲೇ ಹಾದುಹೋದಳು, ಅವನತ್ತ ತಿರುಗಿಯೂ ನೋಡಲಿಲ್ಲ.

ಹಗೆ ತೀರಿತ್ತು; ಇಷ್ಟರಲ್ಲಿ ಅವನು ಯಶೋದಾಳ ಮನಸ್ಸಿನಿಂದ ಹೋಗಿ ಮಂಜಾಗಬೇಕಿತ್ತು. ಬಿಸಿಲಲ್ಲಿ ನೆರಳು ಚೆಲ್ಲಿ ನಿಂತೇ ಇದ್ದ.

"ನಾನೆಲ್ಲಿಗೆ ಹೋಗ್ಲಿ?" ಎಂದು ಕೇಳಿದ.

ಯಶೋದಾ ಕಣ್ಣು ಮುಚ್ಚಿ, ಹಲ್ಲು ಕಚ್ಚಿ ಅವನನ್ನು ಮನಸ್ಸಿನಿಂದ ಆಚೆ ನೂಕಿದಳು. ಕಣ್ಣು ಬಿಟ್ಟಾಗ ಅವನು ಇನ್ನಷ್ಟು ಗಟ್ಟಿಯಾಗಿದ್ದ, ಹಣೆಯ ಮೇಲೆ ಬೆವರು ಕೂಡ ಮೂಡಿತ್ತು.