ಮಾವನ ಕೋಣೆಯ ಅಳತೆ

"ನಾಳೆ ಅಳತೆಗೆ ಬರ್ತಾರೆ. ಮನೇಲಿ ಎಲ್ಲಾ ಸರಿಯಾಗಿರ್ಲಿ" ಎಂದಷ್ಟೇ ವಕೀಲರು ಫೋನಿನಲ್ಲಿ ಹೇಳಿದ್ದು. ಕಾಗದಪತ್ರ ಜೋಡಿಸಿಟ್ಟುಕೊಳ್ಳಿ ಎನ್ನುವುದು ಅವರ ಅರ್ಥ. ಗಂಡ ಹೆಂಡತಿ ಹಿಡಿದ ಅರ್ಥವೇ ಬೇರೆ. ಸರಿಯಿಲ್ಲದ್ದು ಆ ಮನೆಯಲ್ಲಿ ಒಂದೇ ಒಂದು: ಅಡುಗೆಮನೆಯ ಹಿಂದೆ, ಪರವಾನಗಿ ಇಲ್ಲದೆ ಕಟ್ಟಿಸಿದ ಮಾವನ ಕೋಣೆ.

ಬಟ್ಟೆ ಹೊಲಿಯುವ ಹೆಂಡತಿಯನ್ನು ಎಲ್ಲರೂ ಟೈಲರಮ್ಮ ಎನ್ನುತ್ತಿದ್ದರು. ಬೀದಿಯ ಕೊನೆಯ ಮನೆ ಅವಳದು. ಹಿಂದೆ ಬಯಲು, ಬಯಲಿನಾಚೆ ಕಲ್ಲು ಕ್ವಾರಿ; ಅದಕ್ಕೆ ಎಲ್ಲಕ್ಕಿಂತ ಹತ್ತಿರದ ಮನೆ ಇದೇ. ಜನ ವಾಸವಿರುವ ಮನೆಯಿಂದ ಇನ್ನೂರು ಮೀಟರಿನೊಳಗೆ ಬಂಡೆ ಸಿಡಿಸಬಾರದೆಂದು ನಿಯಮ. ಆ ನಿಯಮ ಮುರಿದಿದ್ದಾರೆಂದು ಮೂವತ್ತೊಂದು ಮನೆಯವರು ಸೇರಿ ಕೇಸು ಹಾಕಿದ್ದರು. ದಿನಕ್ಕೆರಡು ಸಲ ಸೈರನ್ನು ಕೂಗುತ್ತಿತ್ತು, ಪಾತ್ರೆಗಳು ಗಡಗಡ ಅದುರುತ್ತಿದ್ದವು, ಆಮೇಲೆ ಧೂಳು, ಧೂಳಿನ ಹಿಂದೆಯೇ ಮಾವನ ಕೆಮ್ಮು. ಇನ್ನೊಂದು ವರ್ಷ ಹೀಗೇ ಆದರೆ ಆ ಎದೆ ತಡೆಯುವುದಿಲ್ಲ ಎಂದು ಡಾಕ್ಟರು ಮುಲಾಜಿಲ್ಲದೆ ಹೇಳಿಬಿಟ್ಟಿದ್ದರು.

"ಆ ಕೋಣೇಲಿ ಅಪ್ಪ ಇರೋದು ಗೊತ್ತಾದ್ರೆ ಕೇಸು ನಮ್ಮ ತಲೆಗೇ ಸುತ್ಕೊಳ್ಳತ್ತೆ ಕಣೇ" ಎಂದ ಗಂಡ. ಬೆಳಿಗ್ಗೆ ಎದ್ದವರೇ ಮಂಚ ಎತ್ತಿ ಪಕ್ಕದ ಮನೆಗೆ ಸಾಗಿಸಿದರು. ಚಿಂದಿ ಬಟ್ಟೆಯ ಮೂಟೆ, ಕೆಟ್ಟ ಹೊಲಿಗೆ ಮಷೀನು, ತುಕ್ಕು ಹಿಡಿದ ಡಬ್ಬಗಳನ್ನು ತಂದು ಕೋಣೆಗೆ ತುಂಬಿದರು. ಔಷಧಿ ಸೀಸೆಗಳನ್ನೂ ಬಿಡದೆ ಬಚ್ಚಿಟ್ಟರು. ಮಾವನನ್ನು ಒಪ್ಪಿಸುವುದರಲ್ಲಿ ಮಾತ್ರ ಸಾಕುಸಾಕಾಯಿತು.

"ಮಾವ, ನಾನು ಕರೆಯೋವರ್ಗೂ ಪಕ್ಕದ ಮನೆಯಿಂದ ಈಚೆ ಬರ್ಬೇಡಿ. ನಿಮ್ಮ ದಮ್ಮಯ್ಯ!"

"ನನ್ನ ಮನೇಲಿ ನಾನೇ ಕಳ್ಳನೇನಮ್ಮ?" ಎಂದು ಗೊಣಗುತ್ತಲೇ ಹೋದರು. ಹದಿನಾರು ವರ್ಷದಲ್ಲಿ ಸೊಸೆಯ ಒಂದು ಮಾತನ್ನೂ ಕಿವಿಗೆ ಹಾಕಿಕೊಂಡ ಆಸಾಮಿಯಲ್ಲ. ನೆಟ್ಟಗೆ ಅರ್ಧ ಗಂಟೆ ಕುಳಿತಾರೆಂಬ ನಂಬಿಕೆ ಅವಳಿಗಿರಲಿಲ್ಲ.

ಹನ್ನೊಂದಕ್ಕೆ ಕೋರ್ಟು ನೇಮಿಸಿದ ಸರ್ವೆಯರು ಬಂದರು, ಜೊತೆಗೆ ಕ್ವಾರಿಯ ಮ್ಯಾನೇಜರ್. ವಕೀಲರು ಇನ್ನೂ ದಾರಿಯಲ್ಲಿದ್ದರಂತೆ. ಟೈಲರಮ್ಮ ಪಕ್ಕದ ಮನೆಯ ಕಡೆಗೇ ಕಿವಿಯಿಟ್ಟಿದ್ದಳು. ಮುದುಕ ಈಗ ಬಂದುಬಿಟ್ಟರೆ? ಈಗ ಕೆಮ್ಮಿಬಿಟ್ಟರೆ?

ಸರ್ವೆಯರು ಹಿಂದಿನ ಕೋಣೆಯೊಳಗೆ ಇಣುಕಿದರು. "ಇಲ್ಲಿ ಯಾರಾದ್ರೂ ವಾಸ ಇದ್ದಾರಾ?"

"ಅಯ್ಯೋ, ಇಲ್ಲ ಸಾರ್! ಹಳೇ ಸಾಮಾನು ಹಾಕ್ತೀವಿ, ಅಷ್ಟೇ."

'ಸಾಮಾನು ಕೋಣೆ, ವಾಸವಿಲ್ಲ' ಎಂದು ಬರೆದುಕೊಂಡ ಸರ್ವೆಯರು ಅಡುಗೆಮನೆಯ ಗೋಡೆಯಿಂದ ಅಳೆಯತೊಡಗಿದರು.

"ಅಲ್ಲಿಂದ ಯಾಕೆ ಸಾರ್?" ಎಂದಳು ಟೈಲರಮ್ಮ.

"ಜನ ಇರೋ ಗೋಡೆಯಿಂದ ತಾನೇ ಅಳೀಬೇಕು? ಇನ್ನೂರ ಎರಡು ಮೀಟರ್. ಕ್ವಾರಿಯವರದು ತಪ್ಪಿಲ್ಲ."

"ಆ ಕೋಣೆ ಸೇರಿಸಿದ್ರೆ?"

"ನೂರ ತೊಂಬತ್ತೆಂಟು. ಆದ್ರೆ ಅಲ್ಲಿ ಯಾರೂ ಇಲ್ವಲ್ಲಮ್ಮ."

ಆಗ ಅವಳಿಗೆ ಹೊಳೆಯಿತು. ಮೂವತ್ತೊಂದು ಮನೆಯ ಕೇಸನ್ನು ಗಂಡ ಹೆಂಡತಿ ಸೇರಿ ಕೈಯಾರೆ ಹಾಳು ಮಾಡಿದ್ದರು! ಇಷ್ಟು ಹೊತ್ತು ಮಾವ ಬರದಿದ್ದರೆ ಸಾಕು ಎನ್ನುತ್ತಿದ್ದವಳು ಈಗ ಬರಲಿ, ಬರಲಿ ಎಂದು ಪಕ್ಕದ ಬಾಗಿಲನ್ನೇ ನೋಡಿದಳು. ಬಾಗಿಲು ಅಲುಗಲಿಲ್ಲ.

"ಸಾರ್, ಸುಳ್ಳು ಹೇಳ್ದೆ. ಅಲ್ಲಿ ನಮ್ಮ ಮಾವ ಇರ್ತಾರೆ. ಪರವಾನಗಿ ಇಲ್ದೆ ಕಟ್ಟಿದ್ವಿ, ಹೆದರಿಕೊಂಡ್ವಿ. ಬೇಕಾದ್ರೆ ಕೋಣೆ ಒಡೆಸಿ ಹಾಕಿ, ಇದ್ದದ್ದು ಇದ್ದ ಹಾಗೆ ಬರ್ಕೊಳ್ಳಿ!"

"ಅಳತೆ ಕೇಳಿದ್ಮೇಲೆ ಮಾವ ಹುಟ್ಕೊಂಡ್ರು ನೋಡಿ ಸಾರ್" ಎಂದು ಮ್ಯಾನೇಜರ್ ನಕ್ಕ.

ಸರ್ವೆಯರು ಕನ್ನಡಕ ತೆಗೆದರು. "ಹಾಗಾದ್ರೆ ಅವರನ್ನೇ ಕೇಳೋಣ. ಕರೀರಿ. ನೀವ್ಯಾರೂ ಮಧ್ಯೆ ಬಾಯಿ ಹಾಕ್ಬಾರ್ದು."

"ಮಾವಾ, ಬನ್ನೀ!" ಎಂದು ಕೂಗಿದಳು. ಹೋದ ಜೀವ ಬಂದಂತಾಯಿತು ಅವಳಿಗೆ.

ಮುದುಕ ಗೋಡೆ ಹಿಡಿದುಕೊಂಡು ನಿಧಾನವಾಗಿ ಬಂದರು. ಕೆಮ್ಮನ್ನು ಗಂಟಲಲ್ಲೇ ಅದುಮಿಟ್ಟುಕೊಂಡು ಕಣ್ಣು ಕೆಂಪಗಾಗಿತ್ತು. ಅಪರಿಚಿತರನ್ನು ನೋಡಿದರು, ಕೋಣೆಯ ತುಂಬ ಇದ್ದ ಮೂಟೆಗಳನ್ನು ನೋಡಿದರು, ಬೆವೆತು ನಿಂತ ಸೊಸೆಯನ್ನೂ ನೋಡಿದರು.

"ತಾತ, ನೀವು ಇರೋದು ಈ ಕೋಣೇಲೇನಾ?"

ಸರ್ವೆಯರು ಪೆನ್ನು ಹಿಡಿದು ಕಾದರು.

"ಈ ಕೋಣೇಲಾ? ಶಿವಶಿವಾ! ಇದಕ್ಕೆ ನಾನು ಕಾಲೇ ಇಟ್ಟಿಲ್ಲ ಸ್ವಾಮಿ. ಇರೋದು ಪಕ್ಕದ ಮನೇಲಿ. ಬೇಕಾದ್ರೆ ಬನ್ನಿ, ಮಂಚ ತೋರಿಸ್ತೀನಿ."

ಸರ್ವೆಯರು ಹೋಗಿ ಮಂಚ ನೋಡಿ ಬಂದು, ಮೊದಲು ಬರೆದಿದ್ದರ ಕೆಳಗೇ ಸಹಿ ಹಾಕಿ ಕಾಗದ ಮಡಚಿದರು. ಎಲ್ಲರೂ ಗೇಟು ದಾಟುವವರೆಗೂ ಮುದುಕ ನೆಟ್ಟಗೆ ನಿಂತಿದ್ದರು. ಆಮೇಲೆ ಅಷ್ಟು ಹೊತ್ತು ತಡೆದಿದ್ದ ಕೆಮ್ಮೆಲ್ಲ ಒಟ್ಟಿಗೇ ಒತ್ತರಿಸಿ ಬಂತು. ಸೊಸೆ ಓಡಿಹೋಗಿ ಹಿಡಿದುಕೊಂಡಳು.

"ಏನೇ ಕೇಳ್ಲಿ, ನಾನು ಬಿಟ್ಕೊಡ್ಲಿಲ್ಲ ನೋಡಮ್ಮ" ಎಂದರು ಮಾವ, ಏದುಸಿರಿನ ನಡುವೆಯೇ ನಗುತ್ತ.

"ಹೌದು ಮಾವ" ಎಂದಳು ಅವಳು, ಬೆನ್ನು ಸವರುತ್ತ.