ಕೊನೆಯ ದೃಶ್ಯ ಯಾರ ತಲೆಯಲ್ಲಿದೆ

ಓದದೆ ಬಿಟ್ಟದ್ದು ಒಂದೇ ಒಂದು ಸಾಲು, ಅದಕ್ಕೆ ಇಷ್ಟೊಂದು ಹೆದರಬೇಕಾ ಅಂತ ಗುಬ್ಬಿ ದಿನಚರಿಯಲ್ಲಿ ಬರೆದಳು. ಬರೆದದ್ದು ತನಗೇ ಸುಳ್ಳು ಅನ್ನಿಸಿ ಹೊಡೆದುಹಾಕಿದಳು.

ದೊಡ್ಡಪ್ಪನಿಗೆ ಇಪ್ಪತ್ತೆಂಟಕ್ಕೇ ಕಣ್ಣು ಹೋಗಿತ್ತು. ಆಮೇಲೆ ಬರೆದದ್ದು ಹತ್ತೊಂಬತ್ತು ಚಿತ್ರಕಥೆ. ಬರೆದದ್ದು ಅಂದರೆ ಹೇಳಿ ಬರೆಸಿದ್ದು. ಬಾಗಿಲಿಂದ ಮೇಜಿನವರೆಗೆ ತಾವೇ ಪಾತ್ರವಾಗಿ ನಡೆದು, "ಏಳು ಹೆಜ್ಜೆಯಲ್ಲಿ ಮುಗಿಯದ್ದು ಮಾತಲ್ಲ, ಭಾಷಣ. ಕತ್ತರಿಸು" ಅನ್ನುತ್ತಿದ್ದರು. ಡಿಗ್ರಿ ಮುಗಿಸಿ, ಸಂದರ್ಶನಗಳಲ್ಲಿ ಬಾಯಿ ಬಿಡಲಾರದೆ ವಾಪಸು ಬರುತ್ತಿದ್ದ ತಮ್ಮನ ಮಗಳನ್ನು ಟೈಪಿಂಗಿಗೆ ಕೂರಿಸಿಕೊಂಡವರೂ ಅವರೇ. "ಗುಬ್ಬಿ, ನಿನ್ನ ಬಾಯಿ ನನ್ನೊಬ್ಬನ ಮುಂದೆ ತೆರೆದರೆ ಸಾಕು."

ಅವರದೊಂದು ಹಠವಿತ್ತು. ಮಿಕ್ಕದ್ದೆಲ್ಲ ಶೂಟಿಂಗ್ ಆಗುವ ತನಕ ಕೊನೆಯ ದೃಶ್ಯ ಬರೆಸುತ್ತಿರಲಿಲ್ಲ. ಮೊದಲೇ ಗೊತ್ತಾದರೆ ನಟರ ದನಿಯಲ್ಲಿ ಅದು ಕೇಳಿಸಿಬಿಡುತ್ತದಂತೆ.

ಈ ಸಲದ ಸಿನಿಮಾದ ಸುದ್ದಿ ಸಿಕ್ಕಿದ್ದು ಕ್ಷೌರದಂಗಡಿಯಲ್ಲಿ. ಕ್ಷೌರಿಕ ಪೇಪರಿನ ಜಾಹೀರಾತು ನೋಡಿ, "ಕಥೆ, ಚಿತ್ರಕಥೆ, ನಿರ್ದೇಶನ ಎಲ್ಲಾ ನಿಮ್ಮ ಶಿಷ್ಯಂದೇ! ನಿಮ್ಮ ಹೆಸರೆಲ್ಲಿ ಸಾರ್?" ಅಂದ. ದೊಡ್ಡಪ್ಪ ಒಂದೇ ಕೆನ್ನೆ ಬೋಳಿಸಿಕೊಂಡು ಮನೆಗೆ ಬಂದರು.

"ಒಂಬತ್ತು ವರ್ಷ ಇಲ್ಲೇ ಕೂತು ಕಲಿತು, ಉಂಡ ಮನೆಯ ಜಂತೆ ಎಣಿಸಿದನಾ? ಆಗಲಿ. ಕೊನೆಯ ದೃಶ್ಯ ಬೇಕಲ್ಲ, ಬರ್ತಾನೆ. ನಾಲ್ಕು ಜನರೆದುರು ಅವನ ನೀರಿಳಿಸ್ತೀನಿ. ಒಪ್ಪಂದದಲ್ಲಿ ನನ್ನ ಹೆಸರಿತ್ತಲ್ವಾ ಗುಬ್ಬಿ? ನೀನೇ ಓದಿದ್ದೆ."

"ಹೂಂ" ಅಂದಳು.

ಕಥೆಗಾರನ ಹೆಸರು, ಹಕ್ಕು ಎರಡೂ ನಿರ್ದೇಶಕರದು ಎಂದು ಆ ಕಾಗದದಲ್ಲಿತ್ತು. ಅಂದು ದೊಡ್ಡಪ್ಪನಿಗೆ ಓದಿ ಹೇಳುತ್ತಾ ಅಲ್ಲಿಗೆ ಬಂದಾಗ ನಿರ್ದೇಶಕ ಸದ್ದಿಲ್ಲದೆ ಆ ಸಾಲಿನ ಮೇಲೆ ಬೆರಳಿಟ್ಟು, ಅವಳನ್ನು ನೋಡಿ ನಕ್ಕಿದ್ದ. ಅವಳು ಹೆದರಿ ಮುಂದಿನ ಸಾಲಿಗೆ ಹಾರಿದಳು. ದೊಡ್ಡಪ್ಪ ಸಹಿ ಹಾಕಿದರು.

ಜಾಹೀರಾತಿನ ಸುದ್ದಿ ಬಂದ ದಿನದಿಂದ ನಿರ್ದೇಶಕ ಮಣ್ಣು ಮುಕ್ಕುವುದನ್ನು ದೊಡ್ಡಪ್ಪನಿಗಿಂತ ಹೆಚ್ಚು ಅವಳೇ ಬಯಸಿದಳು. ಅವನು ಮೊದಲು ನೆಲಕಚ್ಚಿದರೆ ಕಾಗದದ ಮಾತು ಯಾರೆತ್ತುತ್ತಾರೆ?

ನಿರ್ಮಾಪಕಿಯ ಕೋಣೆಯಿಂದಲೇ ಕರೆ ಬಂತು. ದೊಡ್ಡಪ್ಪ ಗರಿಗರಿ ಇಸ್ತ್ರಿಯ ಅಂಗಿ ತೊಟ್ಟು ಅವಳನ್ನೂ ಕರೆದುಕೊಂಡು ಹೊರಟರು.

"ಗುರುಗಳೇ, ಕೊನೆಯದೊಂದು ಹೇಳಿಬಿಡಿ. ನಾಳೆಗೆ ಸೆಟ್ ರೆಡಿ ಇದೆ" ಅಂದ ನಿರ್ದೇಶಕ, ಬೆಣ್ಣೆಯಂಥ ದನಿಯಲ್ಲಿ.

"ಕಥೆ ನಿಂದೇ ಅಂತ ಊರಿನ ಗೋಡೆಯೆಲ್ಲ ಹೇಳ್ತಿದೆ. ನಿನ್ನ ಮಗು ಹೇಗಿದೆ ಅಂತ ನನ್ನನ್ನ ಕೇಳ್ತೀಯಾ? ಅದೂ ಕುರುಡನ್ನ? ಮೇಡಂ ಮುಂದೆ ನೀನೇ ಹೇಳಪ್ಪ. ಕೊನೆಗೆ ಆ ತಾಯಿ ಬಾಗಿಲು ತೆಗೀತಾಳೋ ಇಲ್ವೋ?"

"ತೆ... ತೆಗೀತಾಳೆ."

"ಯಾವ ಬಾಗಿಲು? ಆ ಮನೆಗೆ ಎರಡಿವೆ."

ನಿರ್ದೇಶಕ ಇಂಗು ತಿಂದ ಮಂಗನಂತೆ ನಿಂತ. ನಿರ್ಮಾಪಕಿ ಕಿಸಕ್ಕನೆ ನಕ್ಕರು. ದೊಡ್ಡಪ್ಪ ಆ ನಗುವನ್ನು ಕಿವಿತುಂಬ ಸವಿದರು. ಅವಳ ಎದೆಯೂ ಹಿಗ್ಗಿತು.

ಅಷ್ಟರಲ್ಲಿ ನಿರ್ದೇಶಕ ಫೈಲು ತೆರೆದು ಮೇಜಿಗೆ ಬಡಿದ. "ಹೆಸರು ನಂದೇ ಅಂತ ಇದರಲ್ಲಿದೆ. ಸಹಿ ನಿಮ್ಮದು. ಓದಿಸಿಕೊಂಡೇ ಹಾಕಿದ್ರಿ. ಓದಿದ್ದು ನಿಮ್ಮ ಗುಬ್ಬಿ, ಕೇಳಿ ನೋಡಿ." ಅವಳತ್ತ ತಿರುಗಿ ಮತ್ತೆ ನಕ್ಕ. ಇವಳೆಲ್ಲಿ ಬಾಯಿ ಬಿಡ್ತಾಳೆ ಅನ್ನುವ ನಗು.

"ಆ ಸಾಲು ಆಗ ಇರಲೇ ಇಲ್ಲ, ಆಮೇಲೆ ಸೇರಿಸಿದ್ದು" ದೊಡ್ಡಪ್ಪ ಅಂದರು. "ಹೇಳು ಗುಬ್ಬಿ, ಇವನ ಮುಖಕ್ಕೆ ಹೇಳು."

ಹೂಂ ಅಂದರೆ ಸಾಕಿತ್ತು. ಅವನ ಕಥೆ ಮುಗಿಯುತ್ತಿತ್ತು, ಇವಳ ತಪ್ಪೂ ಹೂತುಹೋಗುತ್ತಿತ್ತು. ಆ ಒಂದಕ್ಷರ ನಾಲಿಗೆಯ ತುದಿಗೇ ಬಂದಿತ್ತು. ನುಂಗಿದಳು.

"ಸಾಲು ಇತ್ತು, ದೊಡ್ಡಪ್ಪ" ಅಂದಳು. ದನಿ ಗೋಡೆಗೆ ತಾಕುವಷ್ಟು ದೊಡ್ಡದಿತ್ತು. "ಇವರು ಅದರ ಮೇಲೆ ಬೆರಳಿಟ್ಟರು, ನಾನು ಬಿಟ್ಟು ಓದಿದೆ."