ತಾನೇ ಹೊರಬಂದ ಹುಡುಗಿ

ಅಪ್ಪನ ಎದೆಯ ಮೇಲಿದ್ದ ಪುಸ್ತಕವನ್ನು ಕಲ್ಪನ ಎತ್ತಿ ಜಗಲಿಯ ಮೂಲೆಗೆ ಎಸೆದಳು. ಓಂಕಾರಪ್ಪನವರು ಎದ್ದು ಹೋಗಿ ತಂದು, ಧೂಳು ಒರೆಸಿ, ಮತ್ತೆ ಹೆಣದ ಎದೆಯ ಮೇಲಿಟ್ಟರು. ಅವಳು ಮತ್ತೆ ಎತ್ತಿದಳು.

“ಕಲ್ಪನ, ಇದು ಮೇಷ್ಟ್ರ ಜೀವಮಾನದ ಬರಹ ಕಣಮ್ಮ. ಅವರ ಜೊತೆಗೇ ಇರಲಿ.”

“ಆಯಪ್ಪನ ಜೊತೆ ಇದ್ದಿದ್ದು ಸಾಕು ಸಾರ್. ನೀರು ಉಯ್ಬೇಕು, ಆಚೆ ಸರ್ಕೊಳ್ರಿ.”

ಕ್ಯಾಸಂಬಳ್ಳಿ ಹತ್ತಿರದ ಆ ಅಂಗಳದಲ್ಲಿ ಅರ್ಧ ಊರಿನವರು, ಇನ್ನರ್ಧ ಬಂಗಾರಪೇಟೆಯಲ್ಲಿ ರೈಲಿಳಿದು ಬಂದ ಕೋದಂಡಪ್ಪ ಮೇಷ್ಟ್ರ ಅಭಿಮಾನಿಗಳು. ಸರ್ಕಾರಿ ಕೆಲಸ ಬಿಟ್ಟು, ಹೊಂಗೆಮರದ ಕೆಳಗೆ ಗೋಡೆ, ಗಂಟೆ, ಪರೀಕ್ಷೆ ಯಾವುದೂ ಇಲ್ಲದ ಶಾಲೆ ನಡೆಸಿದ ಮನುಷ್ಯ. ಜಾತಿ, ವರದಕ್ಷಿಣೆ, ಇಂಗ್ಲಿಷ್ ಶಾಲೆಗಳ ಸುಲಿಗೆ, ಎಲ್ಲದರ ಮೇಲೂ ಬರೆದ. ಮಗಳ ಬಗ್ಗೆಯಂತೂ ಬರೆದದ್ದೇ ಬರೆದದ್ದು! ಅದನ್ನೆಲ್ಲ ಅಚ್ಚು ಹಾಕಿಸಿದವರು ಕೆಜಿಎಫ್ ಕಾರ್ಖಾನೆಯಿಂದ ನಿವೃತ್ತರಾದ ಈ ಓಂಕಾರಪ್ಪ.

ಆ ಮಗಳು ಈಗ ಆಂಡರ್ಸನ್‌ಪೇಟೆಯ ಒಂದು ಇಂಗ್ಲಿಷ್ ಶಾಲೆಯಲ್ಲಿ ಆಯಾ. ಖಾಸಗಿಯಾಗಿ ಎಸ್ಸೆಸ್ಸೆಲ್ಸಿ ಕಟ್ಟುತ್ತೇನೆ ಎಂದಾಗ ಅಪ್ಪ ಊಟ ಬಿಟ್ಟು ಕುಳಿತಿದ್ದ. ಅಲ್ಲಿಗೆ ಮುಗಿಯಿತು. ಬೇರೆಯವರ ಮಕ್ಕಳ ಮೂಗು ಒರೆಸಿ ವ್ಯಾನಿಗೆ ಹತ್ತಿಸುವುದೇ ಅವಳ ಪಾಲಿಗೆ ಬಂದ ವಿದ್ಯೆ.

“ಎಣದ ಮುಂದೆ ಏನ್ ಸಾರ್ ಇದು ಜಗಳ! ರಾವುಕಾಲ ಬತ್ತೈತೆ, ಬೇಗ ಎತ್ಬೇಕು,” ಎಂದ ಚಿಕ್ಕಪ್ಪ ಜಯರಾಮಪ್ಪ.

“ಮಣ್ಣು ಮಾಡೋ ಹೊಂಡದ ಹತ್ತಿರ ಒಂದು ಲೇಖನ ಓದಿಬಿಡ್ತೀನಿ, ‘ತಾನೇ ಹೊರಬಂದ ಹುಡುಗಿ’. ಆಮೇಲೆ ಮೊದಲ ಹಿಡಿ ಮಣ್ಣು ಕಲ್ಪನಾನೇ ಹಾಕಲಿ. ಮೇಷ್ಟ್ರಿಗೆ ಅದೇ ಇಷ್ಟ ಇತ್ತು,” ಎಂದರು ಓಂಕಾರಪ್ಪ.

“ಆ ಲೇಖನ ಬ್ಯಾಡ.”

“ಅದು ನಿನ್ನ ಕತೆ ಅಲ್ವೇನಮ್ಮ? ಎಷ್ಟು ಜನರ ಕಣ್ಣು ತೆರೆಸಿದೆ ಗೊತ್ತಾ?”

“ನಿಮ್ಮ ಮಗಳು ಮಧುಶ್ರೀ ಡಾಕ್ಟ್ರಲ್ವಾ ಸಾರ್? ಎಲ್ಲಿ ಓದಿದ್ಲು, ಮರದ ಕೆಳ್ಗಾ?”

ಓಂಕಾರಪ್ಪ ಕೆಮ್ಮಿದರು. “ಅದು... ಅವರಮ್ಮನ ಹಟ.”

“ನಮ್ಮಮ್ಮನ್ಗೂ ಆಸೆ ಇತ್ತು. ಕೇಳೋರಿರ್ಲಿಲ್ಲ.”

ಬಾಗಿಲಲ್ಲಿ ಕುಳಿತಿದ್ದ ಅವಳಮ್ಮ ಮುನಿನಾರಾಯಣಮ್ಮ ತಲೆ ಎತ್ತಲಿಲ್ಲ.

*

ಏಳು ವರ್ಷದ ಕಲ್ಪನ ಒಂದು ದಿನ, ಅಮ್ಮ ಗುಟ್ಟಾಗಿ ಹೊಲಿದುಕೊಟ್ಟ ಬಟ್ಟೆಚೀಲ ಹೆಗಲಿಗೆ ಹಾಕಿಕೊಂಡು ಪಕ್ಕದೂರಿನ ಸರ್ಕಾರಿ ಶಾಲೆಗೆ ಹೋಗಿ ಕುಳಿತುಬಿಟ್ಟಳು. ಸಾಲಾಗಿ ಕುಳಿತ ಹುಡುಗಿಯರು, ಕೂಗಿ ಹೇಳುವ ಮಗ್ಗಿ, ಹೆಸರು ಕರೆದಾಗ ಎದ್ದು ನಿಲ್ಲುವುದು... ಅಬ್ಬಾ, ಎಷ್ಟು ಆಸೆಯಿತ್ತು ಅವಳಿಗೆ! ಮಧ್ಯಾಹ್ನ ಅಪ್ಪ ಬಂದ. ಹೊಡೆಯಲಿಲ್ಲ, ಬೈಯಲಿಲ್ಲ. ಅವನು ಎಂದೂ ಮಕ್ಕಳ ಮೇಲೆ ಕೈ ಎತ್ತಿದವನಲ್ಲ. ನಗುನಗುತ್ತಲೇ, ಶಾಲೆಯ ಪಡಸಾಲೆಯ ಕಂಬ ತಬ್ಬಿಕೊಂಡಿದ್ದ ಅವಳ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದ. ಅವಳು ಮನೆಯವರೆಗೂ ಅತ್ತಳು. ಅಪ್ಪನ ಹಿಂದೆಯೇ ಬಂದಿದ್ದ ಅಮ್ಮ ಎಲ್ಲ ನೋಡಿದಳು, ಒಂದು ಮಾತೂ ಆಡಲಿಲ್ಲ.

ಅಕ್ಷರ ಕಲಿತದ್ದು ಅಪ್ಪನ ಲೇಖನಗಳಿಂದಲೇ. ಹನ್ನೆರಡನೆಯ ವಯಸ್ಸಿನಲ್ಲಿ ಆ ಲೇಖನವನ್ನೂ ಓದಿದಳು. ಅದರಲ್ಲಿ ಅವಳು ಚೀಲ ಬಿಸಾಡಿ, ತಾನೇ ಓಡಿಬಂದು ಅಪ್ಪನ ಕೈ ಹಿಡಿದಿದ್ದಳು.

“ಅಪ್ಪಾ, ಇದು ಸುಳ್ಳು.”

“ನೀನು ಚಿಕ್ಕವಳು. ನಿನಗೆ ನೆನಪಿಲ್ಲ,” ಎಂದು ಅಪ್ಪ ತಲೆ ಸವರಿದ.

ಅಂದಿನಿಂದ ಅವಳಿಗೆ ಬೇಕಾಗಿದ್ದುದು ಇಷ್ಟೇ. ಅದು ಸುಳ್ಳೆಂದು ಒಬ್ಬರಾದರೂ ಒಪ್ಪಬೇಕು.

*

ರಾಗಿ ಹೊಲದ ಅಂಚಿನಲ್ಲಿ ತೋಡಿದ ಹೊಂಡಕ್ಕೆ ಹೆಣ ಇಳಿಸಿಯಾಗಿತ್ತು. ಎಲ್ಲರೂ ಒಂದೊಂದು ಹಿಡಿ ಮಣ್ಣು ಹಿಡಿದು ಸುತ್ತ ನಿಂತಿದ್ದರು. ಓಂಕಾರಪ್ಪ ಒಂದು ಕೈಯಲ್ಲಿ ಮಣ್ಣು, ಇನ್ನೊಂದರಲ್ಲಿ ಪುಸ್ತಕ ಹಿಡಿದು ಓದತೊಡಗಿದರು.

“‘ಹಕ್ಕಿ ಹಾರಿ ಬಂದ ಹಾಗೆ ತಾನೇ ಹೊರಬಂದಳು ನನ್ನ ಮಗಳು...’”

“ಸುಳ್ಳು!”

“ಸುಮ್ಕಿರಮ್ಮ, ಸತ್ತೋರ ಮ್ಯಾಲೆ ಅಂಗನ್ಬಾರ್ದು,” ಎಂದ ಜಯರಾಮಪ್ಪ.

“ಇರಲ್ಲ ಚಿಕ್ಕಪ್ಪ. ನಾನ್ ಬರ್ಲಿಲ್ಲ. ಕಂಬ ಇಡ್ಕೊಂಡು ಅತ್ತೆ. ಆಯಪ್ಪ ಬೆರಳು ಬಿಡಿಸಿ ಎಳ್ಕೊಂಡು ಬಂದ. ನಂಗೆ ಓದ್ಬೇಕಿತ್ತು. ನನ್ನ ಬಾಳು ಆಳು ಮಾಡ್ಬಿಟ್ಟು ಅದುನ್ನೇ ಪುಸ್ತಕ ಮಾಡ್ದ! ಮಣ್ಣು ಮುಚ್ಚೋಕ್ಮುಂಚೆ ಯಾರಾನ ಒಬ್ರು ಊಂ ಅನ್ರಪ್ಪಾ!”

ಓಂಕಾರಪ್ಪನವರ ಕಣ್ಣು ತುಂಬಿ ಬಂತು. ಪುಸ್ತಕವನ್ನು ಕಂಕುಳಿಗೆ ಸಿಕ್ಕಿಸಿಕೊಂಡರು.

“ನೋಡಿದ್ರಾ! ತಂದೆಯ ಹೊಂಡದ ಮುಂದೇನೇ ತಂದೇನ ಪ್ರಶ್ನೆ ಮಾಡೋ ಧೈರ್ಯ! ಯಾವ ಶಾಲೆ ಕಲಿಸುತ್ತೆ ಇದನ್ನ? ಇದೇ ಮೇಷ್ಟ್ರ ಶಿಕ್ಷಣ!”

ಅವರು ಚಪ್ಪಾಳೆ ತಟ್ಟಿದರು. ಪಕ್ಕದವರು ತಟ್ಟಿದರು. ಆಮೇಲೆ ಎಲ್ಲರೂ ತಟ್ಟಿದರು. ಹಿಡಿದಿದ್ದ ಮಣ್ಣು ಅವರವರ ಕಾಲ ಮೇಲೆಯೇ ಉದುರಿತು.

ಹೊಂಡದ ಆಚೆ ಬದಿಯಲ್ಲಿ ಮುನಿನಾರಾಯಣಮ್ಮ ಮಗಳನ್ನೇ ನೋಡುತ್ತಾ, ಹೌದೆನ್ನುವಂತೆ ತಲೆಯಾಡಿಸುತ್ತಾ, ಏನೋ ಹೇಳುತ್ತಿದ್ದಳು. ತುಟಿ ಅಲುಗುವುದಷ್ಟೇ ಕಲ್ಪನಳಿಗೆ ಕಂಡಿತು. ಚಪ್ಪಾಳೆ ನಿಲ್ಲಲಿಲ್ಲ.